ದುಡ್ಡಿನ ವಿಷಯದಲ್ಲಿ ಮನಸ್ಸು ಎಲ್ಲಿ ಜಾರುತ್ತದೆ, ಹೇಗೆ ಹಿಡಿಯಬೇಕು

ದಾವಣಗೆರೆಯ ಚೌಕಿಪೇಟೆಯಲ್ಲಿ ಒಂದು ಸೀರೆ ಅಂಗಡಿಯಲ್ಲಿ 18 ವರ್ಷ ಲೆಕ್ಕ ಬರೆದೆ. ನನ್ನ ಮೇಜು ಗಲ್ಲಾದ ಪಕ್ಕದಲ್ಲೇ ಇತ್ತು. ಅಲ್ಲಿಂದ ಗಾದಿ ಪೂರ್ತಿ ಕಾಣುತ್ತಿತ್ತು. ಮದುವೆ ಸೀಸನ್ ಬಂತೆಂದರೆ ಒಂದೇ ದೃಶ್ಯವನ್ನು ದಿನಕ್ಕೆ ಹತ್ತಾರು ಸಲ ನೋಡುತ್ತಿದ್ದೆ.

ಅಮ್ಮ, ಮಗಳು ಬಂದು ಕೂರುತ್ತಾರೆ. "ಮೂರು ಸಾವಿರದ ಒಳಗೆ ತೋರಿಸ್ರಿ" ಅನ್ನುತ್ತಾರೆ. ನಮ್ಮ ಹಿರಿಯ ಸೇಲ್ಸ್‌ಮನ್ "ಆಯ್ತು ಅಕ್ಕಾರೆ" ಎಂದು ಎದ್ದು ಮೇಲಿನ ಕಪಾಟಿನಿಂದ 18,000 ರೂಪಾಯಿಯ ರೇಷ್ಮೆ ಸೀರೆ ತೆಗೆಯುತ್ತಿದ್ದರು. ಸೆರಗು ಪೂರ್ತಿ ಹರಡಿ, ಟ್ಯೂಬ್‌ಲೈಟಿನ ಕಡೆಗೆ ಸ್ವಲ್ಪ ಎತ್ತಿ ಹಿಡಿಯುತ್ತಿದ್ದರು. "ತಗಳ್ರಿ ಅಂತಲ್ಲ, ಸುಮ್ನೆ ಕಣ್ಣಿಗೆ ನೋಡ್ರಿ." ಆಮೇಲೆ 11,000ದ್ದು. ಆಮೇಲೆ 5,500ರದ್ದು. ಅಷ್ಟು ಹೊತ್ತಿಗೆ ಐದೂವರೆ ಸಾವಿರ ಅಗ್ಗ ಅನ್ನಿಸಿಬಿಟ್ಟಿರುತ್ತಿತ್ತು. ಕೊನೆಗೆ 5,200ಕ್ಕೆ ಬಿಲ್ ಆಗಿ ನನ್ನ ಮೇಜಿಗೆ ಬರುತ್ತಿತ್ತು. "ಮುನ್ನೂರು ಬಿಟ್ರು ನೋಡು" ಅಂತ ಅಮ್ಮ ಮಗಳಿಗೆ ಹೇಳುತ್ತಿದ್ದಳು. ಮನೆಯಿಂದ ಹೊರಡುವಾಗ ಇದ್ದ ಮೂರು ಸಾವಿರ ಆಗ ಇಬ್ಬರ ನೆನಪಿನಲ್ಲೂ ಇರುತ್ತಿರಲಿಲ್ಲ.

ಸೇಲ್ಸ್‌ಮನ್ ಸುಳ್ಳು ಹೇಳಿರಲಿಲ್ಲ, ಮೋಸ ಮಾಡಿರಲಿಲ್ಲ. ಕಣ್ಣಿಗೆ ಬೀಳುವ ಮೊದಲ ಬೆಲೆಯನ್ನು ಬದಲಾಯಿಸಿದ್ದರು, ಅಷ್ಟೇ.

ನನ್ನ ಮಗಳು ಡಿಗ್ರಿಯಲ್ಲಿ ಮನಃಶಾಸ್ತ್ರ ಓದುವಾಗ ಇದಕ್ಕೊಂದು ಹೆಸರಿದೆ ಎಂದು ಹೇಳಿದಳು. ಆಂಕರಿಂಗ್. ದೋಣಿಗೆ ಲಂಗರು ಹಾಕಿದ ಹಾಗೆ, ಮನಸ್ಸು ಮೊದಲು ಕಂಡ ಸಂಖ್ಯೆಗೆ ಕಟ್ಟಿಕೊಳ್ಳುತ್ತದೆ. ಡೇನಿಯಲ್ ಕಾಹ್ನೆಮನ್, ಏಮೋಸ್ ಟ್ವೆರ್ಸ್ಕಿ ಅನ್ನುವ ಇಬ್ಬರು ಮನಃಶಾಸ್ತ್ರಜ್ಞರು 1974ರಲ್ಲಿ ಬರೆದ ಲೇಖನದಲ್ಲಿ ಒಂದು ಪ್ರಯೋಗ ಇದೆ. ಜನರ ಎದುರು ಒಂದು ಚಕ್ರ ತಿರುಗಿಸಿದರು. ಅದು 10ಕ್ಕೋ 65ಕ್ಕೋ ನಿಲ್ಲುವ ಹಾಗೆ ಮಾಡಿದ್ದರು. ಆಮೇಲೆ, ವಿಶ್ವಸಂಸ್ಥೆಯಲ್ಲಿ ಆಫ್ರಿಕಾದ ದೇಶಗಳು ಶೇಕಡಾ ಎಷ್ಟಿವೆ ಅಂತ ಕೇಳಿದರು. 10 ನೋಡಿದವರ ಅಂದಾಜು ಸುಮಾರು 25. 65 ನೋಡಿದವರದ್ದು ಸುಮಾರು 45. ಚಕ್ರಕ್ಕೂ ಆಫ್ರಿಕಾಕ್ಕೂ ಯಾವ ಸಂಬಂಧವೂ ಇಲ್ಲ. ಆದರೂ ಸಂಖ್ಯೆ ಅಂಟಿಕೊಂಡಿತು. ಸಂಬಂಧವೇ ಇಲ್ಲದ ಸಂಖ್ಯೆ ಇಷ್ಟು ಎಳೆಯುತ್ತದೆ ಅಂದಮೇಲೆ, ಕಣ್ಣೆದುರು ಹರಡಿದ ಸೆರಗಿನ ಮೇಲಿನ ಚೀಟಿ ಎಷ್ಟು ಎಳೆಯಬೇಡ?

ಮಗಳು ಹೇಳಿದ ಇನ್ನೊಂದು ಮಾತು ನನಗೆ ಜಾಸ್ತಿ ಮುಖ್ಯ ಅನ್ನಿಸಿತು. 2002ರಲ್ಲಿ ನೊಬೆಲ್ ಪಡೆದ ಕಾಹ್ನೆಮನ್ ಅವರೇ, ಜೀವನವಿಡೀ ಇದನ್ನೇ ಓದಿದರೂ ತಮ್ಮ ಮನಸ್ಸು ಈ ತಪ್ಪುಗಳಿಂದ ಪಾರಾಗಿಲ್ಲ ಎಂದು ಹೇಳುತ್ತಿದ್ದರಂತೆ. ಹಾಗಾದರೆ "ನನಗೆ ಗೊತ್ತು, ನಾನು ಹುಷಾರಾಗಿರ್ತೀನಿ" ಅನ್ನುವುದು ಸಾಲದು. ತಲೆಯ ಹೊರಗೆ, ಕಾಗದದ ಮೇಲೆ ಏನಾದರೂ ಇರಬೇಕು. ಅದಕ್ಕೇ ನಾನು 200 ಪುಟದ ಒಂದು ನೋಟ್‌ಬುಕ್ ಇಟ್ಟೆ. ಖರ್ಚಿನ ಲೆಕ್ಕಕ್ಕಲ್ಲ, ಖರ್ಚಿಗೆ ಮೊದಲಿನ ಮಾತಿಗೆ. ಕೆಳಗೆ ಹೇಳುವುದೆಲ್ಲ ಆ ನೋಟ್‌ಬುಕ್ಕಿನಿಂದಲೇ ಬಂದದ್ದು.

ಅಂಗಡಿಗೆ ಹೋಗುವ ಮೊದಲು ನಿಮ್ಮ ಸಂಖ್ಯೆ ಬರೆಯಿರಿ

ಬೆಲೆ ನೋಡುವ ಮೊದಲು, ಯಾರ ಮಾತೂ ಕೇಳುವ ಮೊದಲು, ಎರಡು ಸಂಖ್ಯೆ ಬರೆದುಕೊಳ್ಳಿ. ಒಂದು, ಎಷ್ಟಕ್ಕೆ ಸಿಕ್ಕರೆ ಸಂತೋಷ. ಇನ್ನೊಂದು, ಎಷ್ಟು ದಾಟಿದರೆ ಎದ್ದು ಬರುತ್ತೀರಿ. ತಲೆಯಲ್ಲಿ ಇಟ್ಟುಕೊಂಡರೆ ಸಾಲದು, ಅಲ್ಲಿರುವುದು ಸೆರಗು ಬಿಚ್ಚಿದ ಕೂಡಲೇ ಅಳಿಸಿಹೋಗುತ್ತದೆ. ಕಾಗದದಲ್ಲಿರಲಿ, ಪರ್ಸಿನಲ್ಲಿರಲಿ. ಗಾದಿಯ ಮೇಲೆ ಕೂತ ಮೇಲೆ ಒಮ್ಮೆ ತೆಗೆದು ನೋಡಿ.

ಸೀರೆಯಲ್ಲಿ ಎರಡು ಸಾವಿರ ಹೆಚ್ಚು ಹೋದರೆ ತಡೆದುಕೊಳ್ಳಬಹುದು. ಸೈಟು ಕೊಳ್ಳುವಾಗ ಇದೇ ಆಟ ಲಕ್ಷಗಳಲ್ಲಿ ನಡೆಯುತ್ತದೆ. ಬ್ರೋಕರ್ ಮೊದಲು ಕರೆದುಕೊಂಡು ಹೋಗುವ ಸೈಟು ಯಾವತ್ತೂ ದುಬಾರಿಯದ್ದೇ. ಸೈಟು ನೋಡಲು ಹೋಗುವ ಮೊದಲೇ ಆ ಬಡಾವಣೆಯಲ್ಲಿ ಇತ್ತೀಚೆಗೆ ಕೊಂಡ ಇಬ್ಬರನ್ನು ಕೇಳಿ ದರ ಬರೆದುಕೊಳ್ಳಿ. ನಿಮ್ಮ ಮೊದಲ ಸಂಖ್ಯೆ ಅವರಿಂದ ಬರಲಿ, ಬ್ರೋಕರ್‌ನಿಂದ ಬೇಡ.

"ಎಂಆರ್‌ಪಿ 3,999, ನಿಮಗೆ 1,499" ಅಂತ ಬರೆದಿದ್ದರೆ ಮೊದಲಿನ ಸಂಖ್ಯೆಯನ್ನು ಹೆಬ್ಬೆರಳಿನಿಂದ ಮುಚ್ಚಿ. ಈ ವಸ್ತುವಿಗೆ 1,499 ಕೊಡುತ್ತೇನಾ? ಅಷ್ಟೇ ಪ್ರಶ್ನೆ.

ಅಡಿಕೆ ಮೂಟೆ ಮತ್ತು ಮರೆಯಲಾಗದ ದರ

ನಮ್ಮ ಮಾವನವರ ತೋಟ ಚನ್ನಗಿರಿ ಕಡೆ. ದೊಡ್ಡ ತೋಟವೇನಲ್ಲ. 2022ರಲ್ಲಿ 12 ಕ್ವಿಂಟಾಲ್ ಅಡಿಕೆ, ಪೇಟೆಯಲ್ಲಿ ರಾಶಿ ಅನ್ನುವ ದರ್ಜೆಯದ್ದು, ಮನೆಯಲ್ಲಿತ್ತು. ಆ ಸೆಪ್ಟೆಂಬರ್ ಹೊತ್ತಿಗೆ ಕ್ವಿಂಟಾಲ್ ದರ 55 ಸಾವಿರ ದಾಟಿತ್ತು. "ಅರವತ್ತಕ್ಕೆ ಹೋಗ್ತೈತೆ ತಡೀರಿ" ಅಂತ ಊರೆಲ್ಲ ಮಾತು. ಮಾವನವರು ಕೊಡಲಿಲ್ಲ. ದರ ಇಳಿಯಿತು. 50 ಆಯಿತು, 46 ಆಯಿತು. ವರ್ಷದ ಕೊನೆಗೆ 40ರ ಹತ್ತಿರ ಬಂತು. ದಿನಾ ಬೆಳಿಗ್ಗೆ ಪೇಪರ್ ಬಂದ ಕೂಡಲೇ ಪೇಟೆ ಧಾರಣೆಯ ಕಾಲಮ್ಮಿನ ಮೇಲೆ ಬೆರಳಿಟ್ಟು ಓದುತ್ತಿದ್ದರು. ಓದಿ, ಮಡಚಿ, ಸುಮ್ಮನೆ ಹೊರಗೆ ನೋಡುತ್ತ ಕೂರುತ್ತಿದ್ದರು.

"ಈಗ ಕೊಟ್ರೆ ಒಂದೂವರೆ ಲಕ್ಷಕ್ಕಿಂತ ಜಾಸ್ತಿ ಲಾಸ್ ಅಲ್ವೇನವ್ವ?" ಅಂತ ನನ್ನನ್ನು ಕೇಳಿದರು.

ನಾನು ಆ ರಾತ್ರಿ ಲೆಕ್ಕ ಹಾಕಿದೆ. 55ರ ದರಕ್ಕೆ 12 ಕ್ವಿಂಟಾಲ್ ಅಂದರೆ 6 ಲಕ್ಷ 60 ಸಾವಿರ. 41ರ ದರಕ್ಕೆ 4 ಲಕ್ಷ 92 ಸಾವಿರ. ವ್ಯತ್ಯಾಸ 1 ಲಕ್ಷ 68 ಸಾವಿರ. ಅವರು ಹೇಳಿದ್ದು ಸರಿಯೇ. ಆದರೆ ಆ 6 ಲಕ್ಷ 60 ಸಾವಿರ ನಮ್ಮ ಕೈಗೆ ಬಂದೇ ಇರಲಿಲ್ಲ. ಒಂದು ದಿನದ ದರ ಅವರ ಮನಸ್ಸಿನಲ್ಲಿ "ನಮ್ಮ ದುಡ್ಡು" ಆಗಿ ಕೂತುಬಿಟ್ಟಿತ್ತು. ಅದಕ್ಕಿಂತ ಕಡಿಮೆ ಬಂದದ್ದೆಲ್ಲ ಕಳೆದುಕೊಂಡ ಹಾಗೆ ನೋಯುತ್ತಿತ್ತು. ಹಿಂದಿನ ವರ್ಷದ ಖರ್ಚು, ಕೂಲಿ, ಗೊಬ್ಬರ ಎಲ್ಲ ಕಳೆದರೆ 41ರಲ್ಲೂ ಲಾಭವೇ ಇತ್ತು.

ಇನ್ನೊಂದು ಕಡೆ, ತೋಟದ ಖರ್ಚಿಗೆ 1 ಲಕ್ಷ ಕೈಸಾಲ ತಂದಿದ್ದರು. ಎರಡು ರೂಪಾಯಿ ಬಡ್ಡಿ. ಅಂದರೆ ತಿಂಗಳಿಗೆ 2,000. ನಾಲ್ಕು ತಿಂಗಳು ಕಾದದ್ದಕ್ಕೆ 8,000 ಹೋಗಿತ್ತು. ಈ 8,000 ನಿಜವಾಗಿ ಕೈಯಿಂದ ಹೋದ ದುಡ್ಡು. ಆದರೆ ಅದು ಅವರನ್ನು ಅಷ್ಟು ಕಾಡಲಿಲ್ಲ. ಕೈಗೆ ಬರದೇ ಹೋದ ದುಡ್ಡು ನಿದ್ದೆ ಕೆಡಿಸಿತ್ತು.

ಇದನ್ನೂ ಅದೇ ಕಾಹ್ನೆಮನ್, ಟ್ವೆರ್ಸ್ಕಿ ವಿವರಿಸಿದ್ದಾರೆ, 1979ರಲ್ಲಿ. ನಾವು ಲಾಭ ನಷ್ಟವನ್ನು ಒಟ್ಟು ಆಸ್ತಿಯಿಂದ ಅಳೆಯುವುದಿಲ್ಲ, ಮನಸ್ಸಿನಲ್ಲಿ ಇಟ್ಟುಕೊಂಡ ಒಂದು ಗುರುತಿನಿಂದ ಅಳೆಯುತ್ತೇವೆ. ಆ ಗುರುತಿನ ಕೆಳಗೆ ಹೋದಾಗ ಆಗುವ ನೋವು, ಅಷ್ಟೇ ಮೇಲೆ ಹೋದಾಗ ಆಗುವ ಸಂತೋಷಕ್ಕಿಂತ ಜಾಸ್ತಿ. ಸುಮಾರು ಎರಡು ಪಟ್ಟು ಎಂದು ಆಮೇಲೆ ಅವರೇ ಅಂದಾಜು ಮಾಡಿದರು. ನೋವು ತಪ್ಪಿಸಿಕೊಳ್ಳಲು ಕಾಯುತ್ತೇವೆ. ಷೇರು ಹಿಡಿದವರೂ ಹೀಗೇ ಮಾಡುತ್ತಾರೆ. ಲಾಭದಲ್ಲಿರುವುದನ್ನು ಬೇಗ ಮಾರುತ್ತಾರೆ, ನಷ್ಟದಲ್ಲಿರುವುದನ್ನು "ಕೊಂಡ ಬೆಲೆಗಾದರೂ ಬರಲಿ" ಅಂತ ವರ್ಷಗಟ್ಟಲೆ ಇಟ್ಟುಕೊಳ್ಳುತ್ತಾರೆ.

ಇದಕ್ಕೆ ನಾನು ಕಂಡುಕೊಂಡ ದಾರಿ ಒಂದು ಪ್ರಶ್ನೆ. ಮಾವನವರನ್ನು ಹೀಗೆ ಕೇಳಿದೆ: "ಮಾವ, ಈಗ ನಮ್ಮ ಹತ್ರ ಅಡಿಕೆ ಇಲ್ಲ ಅಂದ್ಕಳ್ರಿ. ಕೈಯಲ್ಲಿ 4 ಲಕ್ಷ 92 ಸಾವಿರ ಕ್ಯಾಶ್ ಐತೆ. ಇವತ್ತಿನ ದರಕ್ಕೆ 12 ಕ್ವಿಂಟಾಲ್ ಅಡಿಕೆ ಕೊಂಡು ಮನೇಲಿ ಇಡ್ತೀರಾ?"

ಅವರು ತುಂಬಾ ಹೊತ್ತು ಮಾತಾಡಲಿಲ್ಲ. ಆಮೇಲೆ "ಹುಚ್ಚೇನವ್ವ, ಸಾಲ ತೀರಿಸ್ತೀನಿ" ಅಂದರು.

ಮನೆಯಲ್ಲಿ ಇಟ್ಟುಕೊಳ್ಳುವುದೂ ದಿನಾ ಹೊಸದಾಗಿ ಕೊಂಡ ಹಾಗೆಯೇ. ಷೇರಿಗೆ, ಹಳೇ ಕಾರಿಗೆ, ಊರಿನ ಖಾಲಿ ಸೈಟಿಗೆ, ಎಲ್ಲಕ್ಕೂ ಈ ಪ್ರಶ್ನೆ ಹೊಂದುತ್ತದೆ. ಕೊಂಡ ಬೆಲೆಯನ್ನೂ, ನಡುವೆ ಬಂದ ದೊಡ್ಡ ಬೆಲೆಯನ್ನೂ ಬದಿಗಿಟ್ಟು, ಇವತ್ತಿನ ಬೆಲೆಗೆ ಇದನ್ನು ಕೊಳ್ಳುತ್ತೇನಾ ಅಂತ ಕೇಳಿಕೊಳ್ಳಿ.

ಒಂದು ವಿಷಯ ಮುಚ್ಚಿಡಬಾರದು. ನಾವು ಮಾರಿದ ಮೇಲೆ, 2023ರ ಮಧ್ಯದಲ್ಲಿ ದರ ಮತ್ತೆ ಏರಿತು. ಮಾವನವರು ಒಂದು ವಾರ ನನ್ನ ಜೊತೆ ಸರಿಯಾಗಿ ಮಾತಾಡಲಿಲ್ಲ. ನಾನು ನೋಟ್‌ಬುಕ್ ತೆಗೆದು ಮಾರಿದ ದಿನದ ಪುಟ ತೋರಿಸಿದೆ. ಅಲ್ಲಿ "ಸಾಲದ ಬಡ್ಡಿ ಓಡುತ್ತಿದೆ, ದರ ಯಾವ ಕಡೆ ಹೋಗುತ್ತದೋ ಯಾರಿಗೂ ಗೊತ್ತಿಲ್ಲ, ಮಾರುತ್ತಿದ್ದೇವೆ" ಅಂತ ಅವರ ಮುಂದೆಯೇ ಬರೆದಿದ್ದೆ. ಆವತ್ತು ಗೊತ್ತಿದ್ದದ್ದು ಅಷ್ಟೇ. ಆಮೇಲೆ ಆದದ್ದನ್ನು ನೋಡಿ "ಆವತ್ತೇ ಗೊತ್ತಿತ್ತು" ಅನ್ನುವುದು ಸುಲಭ. ಬರೆದಿಟ್ಟರೆ ಮಾತ್ರ ಅದು ನಿಜವಲ್ಲ ಅಂತ ಕಾಣುತ್ತದೆ. ಈಗ ನಾವು ಬೆಳೆಯನ್ನು ನಾಲ್ಕು ಪಾಲು ಮಾಡುತ್ತೇವೆ. ಮಾರುವ ತಿಂಗಳನ್ನು ಕೊಯ್ಲಿನ ಹೊತ್ತಿಗೇ ಬರೆದಿಡುತ್ತೇವೆ. ಅತಿ ಹೆಚ್ಚಿನ ದರ ಎಲ್ಲಕ್ಕೂ ಸಿಗುವುದಿಲ್ಲ, ಆದರೆ ಪೂರ್ತಿ ಬೆಳೆ ಅತಿ ಕಡಿಮೆ ದರಕ್ಕೂ ಹೋಗುವುದಿಲ್ಲ.

ಕಟ್ಟಿದ ದುಡ್ಡು: ಒಂದೇ ಪಾಲಿಸಿ, ಎರಡು ಉತ್ತರ

"ಇಷ್ಟು ವರ್ಷ ಕಟ್ಟಿದ್ದೀನಿ, ಈಗ ಬಿಡೋಕಾಗುತ್ತಾ?" ಈ ಮಾತು ಕೇಳದ ಮನೆ ಇಲ್ಲ. ಹೋದ ದುಡ್ಡಿನ ಹಿಂದೆ ಇನ್ನಷ್ಟು ದುಡ್ಡು ಕಳಿಸುವುದು ಬಹಳ ಹಳೆಯ ತಪ್ಪು. ಆದರೆ ಇದನ್ನು ಓದಿಕೊಂಡವರು ಇನ್ನೊಂದು ತುದಿಗೆ ಹೋಗಿ "ಬೇಡದ ಪಾಲಿಸಿ ಎಲ್ಲ ತಕ್ಷಣ ಬಿಡಿ" ಅನ್ನುತ್ತಾರೆ. ಅದೂ ಸರಿಯಲ್ಲ. ಲೆಕ್ಕ ಹಾಕಿ ನೋಡಬೇಕು.

ನಾನೂ ತಂಗಿಯೂ ಒಂದೇ ಥರದ ಜೀವ ವಿಮೆ ಪಾಲಿಸಿ ಮಾಡಿಸಿದ್ದೆವು. ವರ್ಷಕ್ಕೆ 24,000, 20 ವರ್ಷ. ಕೊನೆಗೆ ಸುಮಾರು 8 ಲಕ್ಷ 30 ಸಾವಿರ ಬರಬಹುದು ಅಂತ ಅಂದಾಜು. ಅಂದರೆ ವರ್ಷಕ್ಕೆ ಶೇಕಡಾ 5ರ ಹತ್ತಿರದ ಬಡ್ಡಿ. ನಾನು 9 ಕಂತು ಕಟ್ಟಿದ್ದೆ. ತಂಗಿ ತಡವಾಗಿ ಶುರು ಮಾಡಿದ್ದಳು, 3 ಕಂತು ಕಟ್ಟಿದ್ದಳು. ಇಬ್ಬರಿಗೂ ಬಿಡಬೇಕಾ ಬೇಡವಾ ಅನ್ನುವ ಯೋಚನೆ.

ಕಟ್ಟಿದ್ದನ್ನು ಬಿಟ್ಟು ಮುಂದಿನದ್ದನ್ನು ಮಾತ್ರ ನೋಡಿದೆವು. ನಾನು ಈಗ ಬಿಟ್ಟರೆ ಕೈಗೆ 1,48,000 ಬರುತ್ತದೆ ಅಂದರು. ಆ ದುಡ್ಡನ್ನೂ, ಮುಂದಿನ 11 ಕಂತನ್ನೂ ಪಿಪಿಎಫ್ (ಸರ್ಕಾರದ ಒಂದು ಉಳಿತಾಯ ಯೋಜನೆ) ಕೊಡುತ್ತಿದ್ದ ಶೇಕಡಾ 7.1ರ ದರಕ್ಕೆ ಬೆಳೆಸಿದರೆ 11 ವರ್ಷದ ಕೊನೆಗೆ ಸುಮಾರು 7 ಲಕ್ಷ 22 ಸಾವಿರ. ಮುಂದುವರಿಸಿದರೆ 8 ಲಕ್ಷ 30 ಸಾವಿರ. ಮುಂದುವರಿಸುವುದೇ ಲೇಸು. ಕಟ್ಟಿದ್ದೀನಿ ಅನ್ನುವ ಕಾರಣಕ್ಕಲ್ಲ. ಈಗ ಬಿಟ್ಟರೆ ಸಿಗುವುದು ತೀರಾ ಕಡಿಮೆ, ಇನ್ನುಳಿದ ಕಂತಿಗೆ ಸಿಗುವುದು ಜಾಸ್ತಿ, ಅದಕ್ಕೆ.

ತಂಗಿಗೆ ಬಿಟ್ಟರೆ ಬರುವುದು 26,000. ಕಟ್ಟಿದ್ದು 72,000. ಅವಳ ಕಣ್ಣಲ್ಲಿ ನೀರು ಬಂತು. ಆದರೆ ಆ 26,000 ಮತ್ತು ಮುಂದಿನ 17 ಕಂತನ್ನು ಅದೇ ಪಿಪಿಎಫ್ ದರಕ್ಕೆ ಹಾಕಿದರೆ ಕೊನೆಗೆ ಸುಮಾರು 8 ಲಕ್ಷ 83 ಸಾವಿರ. ಮುಂದುವರಿಸಿದರೆ 8 ಲಕ್ಷ 30 ಸಾವಿರ. ಅವಳ ಮಟ್ಟಿಗೆ ಬಿಡುವುದೇ ಐವತ್ತು ಸಾವಿರ ಮೇಲು. ಪಿಪಿಎಫ್ ದರವನ್ನು ಸರ್ಕಾರ ಮೂರು ತಿಂಗಳಿಗೊಮ್ಮೆ ನಿಗದಿ ಮಾಡುತ್ತದೆ. ಅದು ಇಳಿದರೆ ಈ ಅಂತರ ಕರಗಬಹುದು. ಪಾಲಿಸಿ ಬಿಟ್ಟರೆ ಜೀವ ವಿಮೆಯೂ ಹೋಗುತ್ತದೆ. ಅದಕ್ಕೇ ಮೊದಲು ಬೇರೆ ಟರ್ಮ್ ಪಾಲಿಸಿ (ಉಳಿತಾಯವಿಲ್ಲದ, ಬರೀ ಜೀವ ವಿಮೆಯದ್ದು) ಕೈಗೆ ಬರಲಿ, ಆಮೇಲೆ ಇದನ್ನು ಬಿಡು ಎಂದು ಹೇಳಿದೆ. ಹಾಗೇ ಮಾಡಿದಳು.

ನೀವು ಮಾಡಬೇಕಾದದ್ದು ಇಷ್ಟು. ಪಾಲಿಸಿ ಕಚೇರಿಗೆ ಹೋಗಿ ಇವತ್ತಿನ ಸರೆಂಡರ್ ಮೌಲ್ಯ, ಅಂದರೆ ಈಗ ಬಿಟ್ಟರೆ ಕೈಗೆ ಬರುವ ದುಡ್ಡು, ಎಷ್ಟು ಅಂತ ಬರಹದಲ್ಲಿ ಕೇಳಿ ಪಡೆಯಿರಿ. ಕೊನೆಗೆ ಎಷ್ಟು ಬರಬಹುದು ಅಂತಲೂ ಕೇಳಿ. ಒಂದು ಹಾಳೆಯಲ್ಲಿ ಇವತ್ತಿನ ತಾರೀಖು ಹಾಕಿ, ಅಲ್ಲಿಂದ ಮುಂದಕ್ಕೆ ಮಾತ್ರ ಲೆಕ್ಕ ಹಾಕಿ. ಈವರೆಗೆ ಕಟ್ಟಿದ ಮೊತ್ತವನ್ನು ಆ ಹಾಳೆಯಲ್ಲಿ ಬರೆಯಲೇಬೇಡಿ. ಬರೆದರೆ ಕಣ್ಣು ಅಲ್ಲಿಗೇ ಹೋಗುತ್ತದೆ. ಹೊಸದಾಗಿ ಪಾಲಿಸಿ ಮಾಡಿಸಿದ್ದರೆ, ಕಾಗದ ಕೈಗೆ ಬಂದ ದಿನದಿಂದ 30 ದಿನದ ಒಳಗೆ ಬೇಡವೆಂದು ಹಿಂದಿರುಗಿಸಬಹುದು. ಆ ತಿಂಗಳಿನಲ್ಲಿ ಕೂತು ಓದಿದರೆ ಮುಂದೆ ಈ ಲೆಕ್ಕವೇ ಬೇಕಾಗುವುದಿಲ್ಲ.

ಸಾಸಿವೆ ಡಬ್ಬಿ

ನಮ್ಮ ಅವ್ವ ಸಾಸಿವೆ ಡಬ್ಬಿಯಲ್ಲಿ ದುಡ್ಡಿಡುತ್ತಿದ್ದಳು. ಒಂದರಲ್ಲಿ ಹಬ್ಬದ್ದು, ಇನ್ನೊಂದರಲ್ಲಿ ಆಸ್ಪತ್ರೆಯದ್ದು. ಒಂದರ ದುಡ್ಡು ಇನ್ನೊಂದಕ್ಕೆ ಹೋಗುವಂತಿರಲಿಲ್ಲ. ರಿಚರ್ಡ್ ಥೇಲರ್ ಅನ್ನುವ ಅರ್ಥಶಾಸ್ತ್ರಜ್ಞರಿಗೆ 2017ರಲ್ಲಿ ನೊಬೆಲ್ ಬಂತು. ಮನಸ್ಸಿನೊಳಗೆ ಇಂಥ ಡಬ್ಬಿಗಳಿರುತ್ತವೆ ಅನ್ನುವುದು ಅವರು ಹೇಳಿದ ದೊಡ್ಡ ವಿಷಯಗಳಲ್ಲಿ ಒಂದು. ಡಬ್ಬಿ ಕೆಟ್ಟದ್ದಲ್ಲ. ಅವ್ವನ ಡಬ್ಬಿಯಿಂದಲೇ ನಾನು ಡಿಗ್ರಿ ಓದಿದೆ. ಡಬ್ಬಿ ಕುರುಡಾದಾಗ ತೊಂದರೆ.

ನಮ್ಮ ಅಣ್ಣ ಮಗಳ ಮದುವೆಗೆಂದು 2 ಲಕ್ಷ ಎಫ್‌ಡಿ ಇಟ್ಟಿದ್ದ, ಶೇಕಡಾ 7ಕ್ಕೆ. ಮದುವೆ ಇನ್ನೂ ಆರು ವರ್ಷ ದೂರ. ಮನೆ ರಿಪೇರಿಗೆ ಒಂದೂವರೆ ಲಕ್ಷ ಪರ್ಸನಲ್ ಲೋನ್ ತೆಗೆದ, ಶೇಕಡಾ 14ಕ್ಕೆ. ಒಂದೂವರೆ ಲಕ್ಷಕ್ಕೆ ವರ್ಷಕ್ಕೆ ಬರುವುದು 10,500, ಕೊಡುವುದು ಹತ್ತಿರ ಹತ್ತಿರ 21,000. "ಮಗಳ ದುಡ್ಡು ಮುಟ್ಟಬಾರದು" ಅನ್ನುವ ಒಳ್ಳೆಯ ಮನಸ್ಸೇ ಮಗಳ ದುಡ್ಡನ್ನು ತಿನ್ನುತ್ತಿತ್ತು.

ಅವನಿಗೆ ಹೇಳಿದ್ದು ಇದು: ಎಫ್‌ಡಿ ಮುರಿದು ಸಾಲ ತೀರಿಸು. ಮೊದಲು ಎರಡೂ ಕಡೆಯ ದಂಡ ಎಷ್ಟು ಅಂತ ಕೇಳು. ಸಾಲದ ಕಂತು ಎಷ್ಟಿತ್ತೋ ಅಷ್ಟನ್ನೇ, ಅದೇ ತಾರೀಖಿಗೆ ಮಗಳ ಹೆಸರಿನ ಆರ್‌ಡಿಗೆ (ತಿಂಗಳು ತಿಂಗಳು ಕಟ್ಟುವ ಠೇವಣಿಗೆ) ಕಟ್ಟು. ನೋಟ್‌ಬುಕ್ಕಿನಲ್ಲಿ "ಮಗಳಿಂದ ಕೈಸಾಲ, 1,50,000" ಅಂತ ಬರೆದು ತಿಂಗಳು ತಿಂಗಳು ಕಳೆಯುತ್ತಾ ಬಾ. ಹಾಗೆ ಬರೆಯದಿದ್ದರೆ ಮುರಿದ ಎಫ್‌ಡಿ ಮುರಿದೇ ಹೋಗುತ್ತದೆ, ಅದನ್ನೂ ಬಹಳ ಮನೆಗಳಲ್ಲಿ ನೋಡಿದ್ದೇನೆ. ಕ್ರೆಡಿಟ್ ಕಾರ್ಡ್ ಬಾಕಿ ಇಟ್ಟುಕೊಂಡು ಇನ್ನೊಂದು ಕಡೆ ಚೀಟಿ ಕಟ್ಟುವವರೂ ಈ ಲೆಕ್ಕ ಮಾಡಿ ನೋಡಬೇಕು. ಕಾರ್ಡಿನ ಬಡ್ಡಿ ತಿಂಗಳಿಗೆ ಶೇಕಡಾ ಮೂರೂವರೆ ಅಂದರೆ ವರ್ಷಕ್ಕೆ 42. ಯಾವ ಚೀಟಿಯೂ ಅಷ್ಟು ಕೊಡುವುದಿಲ್ಲ.

ಸೊಪ್ಪಿನ ಹತ್ತು ರೂಪಾಯಿ, ಚಿನ್ನದ ಆರು ಸಾವಿರ

ಸೊಪ್ಪಿನವಳ ಹತ್ತಿರ ಹತ್ತು ರೂಪಾಯಿಗೆ ಚೌಕಾಸಿ ಮಾಡುವ ನಾವು, ಚಿನ್ನದ ಅಂಗಡಿಯಲ್ಲಿ ಎಸಿ ಗಾಳಿಗೆ ಕೂತು, ಕೊಟ್ಟ ಜ್ಯೂಸ್ ಕುಡಿದು, ಹೇಳಿದ್ದಷ್ಟು ಕೊಟ್ಟು ಬರುತ್ತೇವೆ. ಯಾಕೆಂದರೆ ಮನಸ್ಸು ರೂಪಾಯಿಯನ್ನು ಬಿಟ್ಟು, ಒಟ್ಟು ಬೆಲೆಯಲ್ಲಿ ಅದರ ಪಾಲನ್ನು ನೋಡುತ್ತದೆ. ಕಾಹ್ನೆಮನ್, ಟ್ವೆರ್ಸ್ಕಿ 1981ರಲ್ಲಿ ಜನರನ್ನು ಕೇಳಿದ್ದರು: 15 ಡಾಲರ್ ಕ್ಯಾಲ್ಕುಲೇಟರ್ ಇನ್ನೊಂದು ಅಂಗಡಿಯಲ್ಲಿ 5 ಡಾಲರ್ ಕಡಿಮೆಗೆ ಸಿಗುತ್ತದೆ, 20 ನಿಮಿಷದ ದಾರಿ, ಹೋಗುತ್ತೀರಾ? 100ಕ್ಕೆ 68 ಜನ ಹೋಗುತ್ತೇವೆ ಅಂದರು. ಕ್ಯಾಲ್ಕುಲೇಟರ್ ಬೆಲೆ 125 ಅಂದಾಗ ಅದೇ 5 ಡಾಲರಿಗೆ ಹೋಗುತ್ತೇವೆ ಅಂದವರು 29.

ಮಗಳಿಗೆ ಸರ ಕೊಳ್ಳುವಾಗ ನಾನು ಚೀಟಿಯಲ್ಲಿ ಬರೆದುಕೊಂಡು ಹೋಗಿದ್ದೆ: "1% = 2,000." ಸರದ ಚಿನ್ನದ ಬೆಲೆ 2 ಲಕ್ಷದ ಹತ್ತಿರ. ಮಜೂರಿ ಶೇಕಡಾ 14 ಅಂದರು. "ಹನ್ನೊಂದಕ್ಕೆ ಹಾಕ್ರಿ" ಅಂದೆ. ಸ್ವಲ್ಪ ಹೊತ್ತಿನ ಮೇಲೆ ಹಾಕಿದರು. ಆರು ಸಾವಿರ. ಆರು ನೂರು ಕಟ್ಟು ಸೊಪ್ಪಿಗೆ ತಲಾ ಹತ್ತು ರೂಪಾಯಿ ಚೌಕಾಸಿ ಮಾಡಿದ ಹಾಗೆ. ಸೊಪ್ಪಿನವಳಿಗೆ ಹತ್ತು ರೂಪಾಯಿ ಬಿಟ್ಟುಬಿಡಿ, ಅವಳಿಗೆ ಅದು ಬೇಕು. ದೊಡ್ಡ ಬಿಲ್ಲಿನ ಮುಂದೆ ಕೂತಾಗ ಬಾಯಿ ಬಿಡಿ. "ಮಜೂರಿ ಮೇಲೆ ಶೇಕಡಾ 25 ರಿಯಾಯಿತಿ" ಅಂದರೆ ಮಜೂರಿಯ ಕಾಲು ಭಾಗ ಮಾತ್ರ, ಸರದ ಬೆಲೆಯ ಕಾಲು ಭಾಗವಲ್ಲ. ಅದನ್ನೂ ರೂಪಾಯಿಗೆ ತಿರುಗಿಸಿಯೇ ನೋಡಿ.

ಬೀಪ್ ಅನ್ನುವ ದುಡ್ಡು

ಐನೂರರ ನೋಟು ಕೈಯಿಂದ ಹೋಗುವಾಗ ಒಂದು ಸಣ್ಣ ನೋವು ಇರುತ್ತದೆ. ಫೋನಿನಲ್ಲಿ ಅದು ಇಲ್ಲ. 2001ರಲ್ಲಿ ಪ್ರಕಟವಾದ ಅಮೆರಿಕದ ಒಂದು ಪ್ರಯೋಗದಲ್ಲಿ ಬ್ಯಾಸ್ಕೆಟ್‌ಬಾಲ್ ಟಿಕೆಟ್ ಹರಾಜು ಹಾಕಿದರು. ಕಾರ್ಡಿನಲ್ಲಿ ಕೊಡಬೇಕು ಎಂದು ಹೇಳಿಸಿಕೊಂಡವರು, ಕ್ಯಾಶ್ ಕೊಡಬೇಕಾದವರಿಗಿಂತ ಸುಮಾರು ಎರಡು ಪಟ್ಟು ಬೆಲೆ ಬರೆದುಕೊಟ್ಟರು.

ನಾನು ಮನೆಯಲ್ಲಿ ಪರೀಕ್ಷೆ ಮಾಡಿದೆ. ಬೆಣ್ಣೆ ದೋಸೆ, ಮಂಡಕ್ಕಿ ಮಿರ್ಚಿ, ಆಟೋ, ಹೂವು, ಈ ಥರದ ಸಣ್ಣ ಖರ್ಚು ಮಾತ್ರ. ಯುಪಿಐ ತಿಂಗಳಲ್ಲಿ 4,860 ಆಯಿತು. ಮುಂದಿನ ತಿಂಗಳು ಪ್ರತಿ ಸೋಮವಾರ ಕವರಿನಲ್ಲಿ 900 ಕ್ಯಾಶ್ ಇಟ್ಟು ಅದರಲ್ಲೇ ಮಾಡಿದೆ. 3,310 ಆಯಿತು. ಏನೂ ಕಡಿಮೆ ಮಾಡಿಕೊಂಡ ಹಾಗೆ ಅನ್ನಿಸಲಿಲ್ಲ. ಕರೆಂಟ್ ಬಿಲ್, ಫೀಸು, ರೇಷನ್ ಫೋನಿನಲ್ಲೇ ಇರಲಿ. ಸಣ್ಣದ್ದಕ್ಕೆ ಕವರ್ ಇಡಿ. ಚಿಲ್ಲರೆ ಸಿಗುವುದಿಲ್ಲ ಅನ್ನುವುದು ನಿಜ, ಅದಕ್ಕೆ ಕವರಿನಲ್ಲಿ ಹತ್ತು, ಇಪ್ಪತ್ತರ ನೋಟೇ ಜಾಸ್ತಿ ಇಡುತ್ತೇನೆ.

ಕಂತಿನ ವಿಷಯ ಚಿಕ್ಕದು. "ಬಡ್ಡಿ ಇಲ್ಲ, ಒಂದು ವರ್ಷ ತಿಂಗಳಿಗೆ 2,000 ಅಷ್ಟೇ" ಅಂದಾಗ 12ರಿಂದ ಗುಣಿಸಿ ಜೋರಾಗಿ ಹೇಳಿ: "ಇಪ್ಪತ್ನಾಲ್ಕು ಸಾವಿರ." ಆಮೇಲೆ "ಪೂರ್ತಿ ಕ್ಯಾಶ್ ಕೊಟ್ರೆ ಎಷ್ಟಕ್ಕೆ ಕೊಡ್ತೀರಿ?" ಅಂತ ಕೇಳಿ. ನನಗೆ ವಾಷಿಂಗ್ ಮಷೀನ್‌ಗೆ 22,200 ಅಂದರು. ಬಡ್ಡಿ ಇಲ್ಲದ ಕಂತಿನ ಬಡ್ಡಿ ಅಲ್ಲಿತ್ತು, ಪ್ರೊಸೆಸಿಂಗ್ ಫೀ ಬೇರೆ. ಸೊನ್ನೆ ಬಡ್ಡಿ ಅನ್ನುವುದೇ ಇಲ್ಲ ಎಂದು ರಿಸರ್ವ್ ಬ್ಯಾಂಕ್ 2013ರಲ್ಲೇ ಬ್ಯಾಂಕುಗಳಿಗೆ ಹೇಳಿತ್ತು.

ಎಲ್ಲರೂ ಹಾಕಿದ್ದಾರೆ

ನಮ್ಮ ಬೀದಿಯ ಹದಿನಾಲ್ಕು ಮನೆಯವರು ಒಂದೇ ಸೊಸೈಟಿಯಲ್ಲಿ ಠೇವಣಿ ಇಟ್ಟಿದ್ದರು. ಶೇಕಡಾ 12. ನಾವೂ ಇಟ್ಟೆವು. ಯಾರೂ ಲೆಕ್ಕಪತ್ರ ನೋಡಿರಲಿಲ್ಲ. ಪಕ್ಕದ ಮನೆಯವರು ನೋಡಿರಬೇಕು ಅಂತ ಪ್ರತಿಯೊಬ್ಬರೂ ಅಂದುಕೊಂಡಿದ್ದೆವು. ದುಡ್ಡು ವಾಪಸ್ ಬರಲು ಮೂರು ವರ್ಷ ಓಡಾಡಬೇಕಾಯಿತು. ಎಲ್ಲರಿಗೂ ಪೂರ್ತಿ ಬರಲೂ ಇಲ್ಲ. ಅದರಲ್ಲಿ ಒಬ್ಬರು ವಿಧವೆ, ಗಂಡನ ಪಿಎಫ್ ದುಡ್ಡು ಪೂರ್ತಿ ಅಲ್ಲೇ ಇಟ್ಟಿದ್ದರು. ಅವರ ಮುಖ ನೆನಪಾದರೆ ಇವತ್ತಿಗೂ ಹೊಟ್ಟೆಯಲ್ಲಿ ಸಂಕಟವಾಗುತ್ತದೆ.

ಬ್ಯಾಂಕಿನಲ್ಲಿಟ್ಟ ಠೇವಣಿಗೆ, ಸಹಕಾರಿ ಬ್ಯಾಂಕೂ ಸೇರಿ, ಒಬ್ಬರಿಗೆ ಒಂದು ಬ್ಯಾಂಕಿನಲ್ಲಿ ಅಸಲು ಬಡ್ಡಿ ಸೇರಿ 5 ಲಕ್ಷದವರೆಗೆ ವಿಮೆ ಇದೆ. 2020ರ ಫೆಬ್ರವರಿಗೆ ಮೊದಲು ಅದು 1 ಲಕ್ಷ ಇತ್ತು. ಸಹಕಾರ ಸಂಘ, ಸೊಸೈಟಿಗಳ ಠೇವಣಿಗೆ ಈ ವಿಮೆ ಇಲ್ಲ. ಆದ್ದರಿಂದ "ಯಾರ್ಯಾರು ಇಟ್ಟಿದ್ದಾರೆ?" ಅಂತ ಕೇಳುವ ಬದಲು "ಇದು ಬ್ಯಾಂಕಾ, ಸಂಘವಾ? ಠೇವಣಿ ವಿಮೆ ಇದೆಯಾ?" ಅಂತ ಕೌಂಟರಿನಲ್ಲೇ ಕೇಳಿ. ಪರಿಚಯದವರು ಕೂತಿದ್ದಾರೆ, ಹೇಗೆ ಕೇಳುವುದು ಅನ್ನಿಸುತ್ತದೆ. ಕೇಳಿ.

ಷೇರು ಪೇಟೆಯ ಎಫ್ ಅಂಡ್ ಓ, ಅಂದರೆ ಮುಂದಿನ ಬೆಲೆಯ ಮೇಲೆ ಆಡುವ ಫ್ಯೂಚರ್ಸ್, ಆಪ್ಷನ್ಸ್ ವ್ಯವಹಾರದ ಬಗ್ಗೆ ಹುಡುಗರಿಗೆ ಒಂದೇ ಮಾತು. 2022ರಿಂದ 2024ರವರೆಗಿನ ಮೂರು ಹಣಕಾಸು ವರ್ಷಗಳಲ್ಲಿ ಅದನ್ನು ಆಡಿದ ಬಿಡಿ ಹೂಡಿಕೆದಾರರಲ್ಲಿ 100ಕ್ಕೆ 93 ಜನ ಕಳೆದುಕೊಂಡರು ಎಂದು ಷೇರು ಪೇಟೆಯ ಮೇಲ್ವಿಚಾರಣೆ ಮಾಡುವ ಸೆಬಿಯೇ ಲೆಕ್ಕ ಕೊಟ್ಟಿದೆ. ಗೆದ್ದ ಗೆಳೆಯ ಸ್ಟೇಟಸ್ ಹಾಕುತ್ತಾನೆ. ಸೋತವರು ಮನೆಯಲ್ಲೂ ಹೇಳುವುದಿಲ್ಲ. ಹಾಗಾಗಿ ನಿಮಗೆ ಕಾಣುವುದು ಆ ಏಳು ಜನ ಮಾತ್ರ.

ಮುಂದಿನ ತಿಂಗಳಿಂದ

"ಮುಂದಿನ ತಿಂಗಳಿಂದ ಉಳಿಸ್ತೀನಿ" ಅನ್ನುವ ಮನಸ್ಸಿನ ಜೊತೆ ಜಗಳವಾಡಬೇಡಿ, ಅದನ್ನೇ ಬಳಸಿಕೊಳ್ಳಿ. ಥೇಲರ್ ಮತ್ತು ಅವರ ಜೊತೆ ಕೆಲಸ ಮಾಡಿದ ಬೆನಾರ್ಟ್ಜಿ ಅಮೆರಿಕದ ಒಂದು ಕಂಪನಿಯ ನೌಕರರಿಗೆ, ಈಗಲೇ ಉಳಿಸಿ ಅನ್ನದ ಒಂದು ಯೋಜನೆ ಕೊಟ್ಟರು. ಮುಂದೆ ಸಂಬಳ ಏರಿದಾಗ ಅದರಲ್ಲಿ ಒಂದು ಪಾಲು ತಾನಾಗಿ ಉಳಿತಾಯಕ್ಕೆ ಹೋಗಲಿ, ಇವತ್ತು ಒಪ್ಪಿಗೆ ಮಾತ್ರ ಕೊಡಿ ಅಂದರು. ಸೇರಿದವರ ಉಳಿತಾಯ 40 ತಿಂಗಳಲ್ಲಿ ಸಂಬಳದ ಶೇಕಡಾ 3.5ರಿಂದ 13.6ಕ್ಕೆ ಏರಿತು. ಕೈಗೆ ಬಂದದ್ದು ಕಡಿಮೆಯಾಗಲಿಲ್ಲ, ಹಾಗಾಗಿ ಯಾರಿಗೂ ನೋಯಲಿಲ್ಲ.

ನಾನು ಅಂಗಡಿಯಲ್ಲಿದ್ದಾಗ ದೀಪಾವಳಿ ಆದ ಮೇಲೆ ಸಂಬಳ ಏರುತ್ತಿತ್ತು. ಗಣಪತಿ ಹಬ್ಬದ ಹೊತ್ತಿಗೇ ಬ್ಯಾಂಕಿಗೆ ಹೋಗಿ, ದೀಪಾವಳಿ ಮುಂದಿನ ತಿಂಗಳಿಂದ ಶುರುವಾಗುವ ಹಾಗೆ ಇನ್ನೊಂದು 500ರ ಆರ್‌ಡಿಗೆ ಸಹಿ ಹಾಕಿ ಬರುತ್ತಿದ್ದೆ. ತಾರೀಖು 2. ಸಂಬಳ ಬಂದ ಮರುದಿನ. ಹೀಗೆ 1,000ದಿಂದ ಶುರುವಾದದ್ದು ಕೆಲಸ ಬಿಡುವ ಹೊತ್ತಿಗೆ ತಿಂಗಳಿಗೆ 6,500 ಆಗಿತ್ತು. ಮಗಳ ಹಾಸ್ಟೆಲ್ ಫೀಸಿಗೆ ಸಾಲ ಮಾಡಲಿಲ್ಲ.

ನೋಟ್‌ಬುಕ್ ಶುರು ಮಾಡುವುದಾದರೆ ದಿನಾ ಬರೆಯಬೇಡಿ, ಬೇಜಾರಾಗಿ ಬಿಟ್ಟುಬಿಡುತ್ತೀರಿ. 5,000 ದಾಟುವ ವಿಷಯಕ್ಕೆ ಮಾತ್ರ ಬರೆಯಿರಿ. ತಾರೀಖು, ನಾನು ಮೊದಲೇ ಅಂದುಕೊಂಡ ಸಂಖ್ಯೆ, ಅಲ್ಲಿ ಮೊದಲು ಕೇಳಿದ ಸಂಖ್ಯೆ, ಯಾಕೆ ಕೊಳ್ಳುತ್ತಿದ್ದೇನೆ ಅಥವಾ ಮಾರುತ್ತಿದ್ದೇನೆ. ನಾಲ್ಕು ಸಾಲು. ಬರೆದ ಮೇಲೆ ಒಂದು ರಾತ್ರಿ ಬಿಡಿ. ಅವಸರ ಮಾಡುವವರಿಗೆ "ನಾಳೆ ಹೇಳ್ತೀನಿ" ಅನ್ನಿ. ಮನೆಯಲ್ಲಿ ಇನ್ನೊಬ್ಬರು ಆ ಪುಟ ಓದಲಿ.

ನಮ್ಮ ಮನೆಯಲ್ಲಿ ಓದುವವರು ಮಾವನವರು. ಕನ್ನಡಕ ಹಾಕಿಕೊಂಡು, ಪೇಪರಿನ ಧಾರಣೆ ಓದಿದ ಹಾಗೆಯೇ ಸಾಲಿನ ಮೇಲೆ ಬೆರಳಿಟ್ಟು ಓದುತ್ತಾರೆ. ಈ ಸಲದ ಅಡಿಕೆಯ ಮೊದಲ ಪಾಲು ಮಾರುವ ದಿನ, ನಾನು ಕೇಳುವ ಮೊದಲೇ ಅವರೇ ಪೆನ್ನು ತಗೊಂಡು ಬರೆದಿದ್ದರು: "ಮೂರು ಕ್ವಿಂಟಾಲ್. ಹೇಳಿದ ತಿಂಗಳು ಬಂತು. ಕೊಟ್ಟೆ."